ತಪ್ಪು ತೋರಿಸಿದರೆ "ಇಷ್ಟ ಇಲ್ಲದಿದ್ದರೆ ವಾಪಸ್ ಹೋಗಿ" ಅಂತಾರೆ. ಹಾಗಾದ್ರೆ ನಾವು ಇಲ್ಲಿಯವರು ಆಗುವುದು ಯಾವಾಗ?

ಕಡಲಾಚೆ:
ಎಲ್ಲರಿಗೂ ನಮಸ್ಕಾರ. ತುಂಬಾ ದಿನದಿಂದ ಇಲ್ಲಿ ಓದುತ್ತಿದ್ದೇನೆ, ಬರೆಯುತ್ತಿರುವುದು ಮೊದಲ ಸಲ.

ಈ ದೇಶಕ್ಕೆ ಬಂದು 14 ವರ್ಷ ಆಯಿತು, ಪೌರತ್ವ ಸಿಕ್ಕಿ ಆರು ವರ್ಷ. ಯಾವ ದೇಶ ಅಂತ ಬರೆಯುವುದಿಲ್ಲ. ಬರೆದರೆ ಎಲ್ಲರೂ ಆ ದೇಶ ಒಳ್ಳೆಯದೋ ಕೆಟ್ಟದ್ದೋ ಅಂತ ಶುರು ಮಾಡುತ್ತೀರಿ. ತೆರಿಗೆ ಕಟ್ಟುತ್ತೇನೆ, ಮತ ಹಾಕುತ್ತೇನೆ, ಮಗಳು ಇಲ್ಲೇ ಹುಟ್ಟಿದವಳು.

ಕಳೆದ ತಿಂಗಳು ನಮ್ಮ ಬಡಾವಣೆಯ ಸಭೆ ಇತ್ತು. ಶಾಲೆ ಮುಂದೆ ರಸ್ತೆ ದಾಟುವ ಸಿಗ್ನಲ್ ತುಂಬಾ ಬೇಗ ಕೆಂಪಾಗುತ್ತದೆ. ಮೂರು ದಿನ ಗಡಿಯಾರ ಹಿಡಿದು ನಿಂತು ನೋಡಿದೆ. ಹಸಿರು ಇರುವುದು 11 ಸೆಕೆಂಡ್. ಊರುಗೋಲು ಹಿಡಿದ ಒಬ್ಬ ಅಜ್ಜಿ ನಡುರಸ್ತೆಗೆ ಬರುವಷ್ಟರಲ್ಲಿ ಅದು ಮುಗಿದಿರುತ್ತದೆ. ಅಲ್ಲಿಂದ ಮುಂದೆ ಅವರು ಒಂದು ಕೈ ಮೇಲೆತ್ತಿ, ಗಾಡಿಗಳ ಕಡೆ ನೋಡದೆ, ಸುಮ್ನೆ ನಡೆಯುತ್ತಾರೆ. ಇದನ್ನೇ ಸಭೆಯಲ್ಲಿ ಹೇಳಿದೆ. "ನಾವು ನಮ್ಮ ಮಕ್ಕಳನ್ನು ಹೀಗೆ ದಾಟಿಸುತ್ತಿರುವುದು ನಮಗೆ ನಾಚಿಕೆಯ ವಿಷಯ" ಅಂದೆ. ಹಿಂದಿನ ಸಾಲಿನಲ್ಲಿದ್ದ ಒಬ್ಬರು, ಕೂಗಲೂ ಇಲ್ಲ, ಮಾಮೂಲಿ ದನಿಯಲ್ಲೇ "ಇಷ್ಟ ಆಗದಿದ್ದರೆ ನಿಮ್ಮ ದೇಶಕ್ಕೆ ಹೋಗಬಹುದು" ಅಂದರು. ಯಾರೂ ನಗಲಿಲ್ಲ. ಹಾಗೆಲ್ಲ ಹೇಳಬೇಡಿ ಅಂತ ಯಾರೂ ಅನ್ನಲೂ ಇಲ್ಲ. ಅಧ್ಯಕ್ಷರು ಹಾಳೆ ತಿರುಗಿಸಿ ಮುಂದಿನ ವಿಷಯಕ್ಕೆ ಹೋದರು.

ಹಿಂದಿನ ವರ್ಷ ಇದೇ ಸಭೆಯಲ್ಲಿ ಗ್ರಂಥಾಲಯ ಚೆನ್ನಾಗಿದೆ ಅಂತ ಹೊಗಳಿದ್ದೆ. ಆಗ ಯಾರಿಗೂ ನನ್ನ ದೇಶ ನೆನಪಾಗಿರಲಿಲ್ಲ. ಹೊಗಳುವಾಗ ಇಲ್ಲಿಯವಳು, ತಪ್ಪು ಹೇಳುವಾಗ ಹೊರಗಿನವಳು. ನಿಮಗೆ ಹೀಗೆ ಆಗಿದೆಯಾ? ಏನು ಮಾಡಿದಿರಿ?

ಅಲೆಮಾರಿ_62:
ಆಗಿದೆ. ಎಷ್ಟು ಸಲ ಅಂತ ಲೆಕ್ಕ ಇಟ್ಟಿಲ್ಲ.

ಗೆರೆದಾಟಿದವ:
ಜರ್ಮನಿಯಲ್ಲಿ 11 ವರ್ಷದಿಂದ ಇದ್ದೇನೆ. ನಿಮ್ಮ ಕೊನೆಯ ಸಾಲು ಓದಿ ಟರ್ಕಿ ಮೂಲದ ಫುಟ್‌ಬಾಲ್ ಆಟಗಾರ ಮೆಸುಟ್ ಓಝಿಲ್ ನೆನಪಾದರು. ಹುಟ್ಟಿದ್ದು ಗೆಲ್ಸೆನ್‌ಕಿರ್ಶೆನ್‌ನಲ್ಲಿ. ಜರ್ಮನಿಗೆ ಆಡಿ 2014ರ ವಿಶ್ವಕಪ್ ಗೆದ್ದುಕೊಟ್ಟ ತಂಡದಲ್ಲಿದ್ದವರು. 2018ರಲ್ಲಿ ತಂಡ ಮೊದಲ ಸುತ್ತಿನಲ್ಲೇ ಸೋತಾಗ ಬೈಗುಳವೆಲ್ಲ ಅವರ ತಲೆಗೇ ಬಂತು. ಜುಲೈನಲ್ಲಿ ತಂಡ ಬಿಟ್ಟರು. ಗೆದ್ದರೆ ನಾನು ಜರ್ಮನ್, ಸೋತರೆ ವಲಸಿಗ ಅಂತ ಬರೆದು ಹೋದರು.

ಟರ್ಕಿಯಿಂದ ಕೆಲಸಗಾರರನ್ನು ಕರೆಸುವ ಒಪ್ಪಂದ ಆಗಿದ್ದು 1961ರ ಅಕ್ಟೋಬರ್ 30ಕ್ಕೆ. ಅವರನ್ನು ಕರೆದದ್ದೇ 'ಅತಿಥಿ ಕೆಲಸಗಾರರು' ಅಂತ. ಅತಿಥಿ ಅಂದರೆ ಹೋಗುವವರು ಅಂತ ತಾನೇ ಅರ್ಥ? ಅವರು ಹೋಗಲಿಲ್ಲ, ಮಕ್ಕಳಾದವು, ಮೊಮ್ಮಕ್ಕಳಾದರು. ಆದರೂ 2000ದವರೆಗೆ ಅಲ್ಲಿ ಹುಟ್ಟಿದ್ದಕ್ಕೇ ಪೌರತ್ವ ಸಿಗುತ್ತಿರಲಿಲ್ಲ. ಕಾನೂನು ಬದಲಾಗಿ ಇಷ್ಟು ವರ್ಷ ಆದರೂ ಆ 'ಅತಿಥಿ' ಅನ್ನುವ ಪದ ಜನರ ತಲೆಯಿಂದ ಹೋಗಿಲ್ಲ.

ನೇರನುಡಿ:
ಓಝಿಲ್ ಕಥೆ ಅರ್ಧ ಹೇಳಿದಿರಿ. ವಿಶ್ವಕಪ್‌ಗೆ ಮೊದಲು ಅವರು ಟರ್ಕಿಯ ಅಧ್ಯಕ್ಷ ಎರ್ಡೋಗನ್ ಜೊತೆ ಫೋಟೋ ತೆಗೆಸಿಕೊಂಡಿದ್ದರು, ಅದೂ ಅಲ್ಲಿ ಚುನಾವಣೆ ಹತ್ತಿರ ಇದ್ದಾಗ. ಜನರಿಗೆ ಸಿಟ್ಟು ಬಂದದ್ದು ಅದಕ್ಕೆ. ಒಂದು ದೇಶದ ಅಂಗಿ ಹಾಕಿಕೊಂಡು ಇನ್ನೊಂದು ದೇಶದ ನಾಯಕನ ಪಕ್ಕ ನಿಂತರೆ ಪ್ರಶ್ನೆ ಬರುವುದಿಲ್ಲವಾ?

ಕಡಲಾಚೆ ಅವರೇ, ಬೇಜಾರಾಗಬೇಡಿ. ಹೊಸದಾಗಿ ಮನೆಗೆ ಬಂದ ಸೊಸೆ ಮೊದಲ ದಿನವೇ ಅಡುಗೆಮನೆ ಸರಿ ಇಲ್ಲ ಅಂದರೆ ಯಾವ ಅತ್ತೆಗೆ ಹಿಡಿಸುತ್ತದೆ? ಮೊದಲು ಹೊಂದಿಕೊಳ್ಳಬೇಕು. ನಾಲ್ಕು ಜನರ ವಿಶ್ವಾಸ ಗಳಿಸಬೇಕು. ಆಮೇಲೆ ಮಾತಾಡಿದರೆ ಕೇಳುತ್ತಾರೆ. ಇದು ಮನುಷ್ಯ ಸ್ವಭಾವ.

ಹಳೆಕಿಟಕಿ:
ಸೊಸೆ ಹೋಲಿಕೆ ನೀವೇ ತಂದಿರಿ, ಅದನ್ನೇ ಮುಂದುವರಿಸುತ್ತೇನೆ. ನಾನೂ ಒಬ್ಬ ಸೊಸೆ. ಇಪ್ಪತ್ತು ವರ್ಷ ದುಡಿದ ಮೇಲೂ ಒಂದು ಮಾತು ಎದುರಾಡಿದರೆ "ತವರಿಗೆ ಹೋಗು" ಅನ್ನುವ ಮನೆಗಳು ನಮಗೆ ಗೊತ್ತಿಲ್ಲವಾ? ಆ ಮಾತು ಬರುವುದು ಅಡುಗೆಮನೆಯ ಬಗ್ಗೆ ಅಲ್ಲ. ಈ ಮನೆ ನಿನ್ನದಲ್ಲ, ನಾವು ಇಟ್ಟುಕೊಂಡಿದ್ದೇವೆ ಅಂತ ನೆನಪಿಸಲು. ಇವರು ಬಂದು 14 ವರ್ಷ ಆಗಿದೆ. ಮೊದಲ ದಿನ ಅಂತ ನೀವು ಯಾಕೆ ಬರೆದಿರಿ? ಎಷ್ಟು ವರ್ಷ ಆದರೆ ಎರಡನೇ ದಿನ?

ಅಲೆಮಾರಿ_62:
ಹಳೆಕಿಟಕಿ ಮೇಡಂ, ಇದಕ್ಕಿಂತ ಚೆನ್ನಾಗಿ ಹೇಳಲು ಆಗಲ್ಲ.

ನೇರನುಡಿ:
ಒಪ್ಪಿದೆ, 'ಮೊದಲ ದಿನ' ತಪ್ಪು ಮಾತು. ಹಿಂತೆಗೆದುಕೊಳ್ಳುತ್ತೇನೆ. ಆದರೆ ವಿಶ್ವಾಸದ ಮಾತಿಗೆ ಈಗಲೂ ನಿಲ್ಲುತ್ತೇನೆ. ಪೌರತ್ವದ ಕಾಗದ ಸರ್ಕಾರ ಕೊಡುತ್ತದೆ. ಪಕ್ಕದ ಮನೆಯವರ ವಿಶ್ವಾಸ ಸರ್ಕಾರ ಕೊಡಲು ಆಗುವುದಿಲ್ಲ.

ಕಾಗದಪತ್ರ:
ಕಾನೂನಿನ ಒಂದು ಮಾತು. "ನಿಮ್ಮ ದೇಶಕ್ಕೆ ಹೋಗಿ" ಅಂದರೆ ಎಲ್ಲಿಗೆ? ಭಾರತ ಎರಡು ಪೌರತ್ವ ಒಪ್ಪುವುದಿಲ್ಲ. 1955ರ ಪೌರತ್ವ ಕಾಯ್ದೆಯ 9ನೇ ಕಲಂ ಪ್ರಕಾರ ಸ್ವಂತ ಇಷ್ಟದಿಂದ ಬೇರೆ ದೇಶದ ಪೌರತ್ವ ತಗೊಂಡರೆ ಭಾರತದ ಪೌರತ್ವ ಅಲ್ಲಿಗೇ ಮುಗಿಯಿತು. ಜರ್ಮನಿ 2024ರ ಜೂನ್ 27ರಿಂದ ಹಳೆಯ ಪೌರತ್ವ ಇಟ್ಟುಕೊಳ್ಳಿ ಅನ್ನುತ್ತಿದೆ, ಆದರೆ ನಮ್ಮ ಕಡೆಯಿಂದ ಬಾಗಿಲು ಮುಚ್ಚಿದೆ. ಬೇರೆ ದೇಶದ ಪೌರರಾದ ಭಾರತ ಮೂಲದವರಿಗೆ ಕೊಡುವ ಒಸಿಐ ಕಾರ್ಡ್ ಪೌರತ್ವ ಅಲ್ಲ. ಮತ ಹಾಕುವಂತಿಲ್ಲ, ಕೃಷಿ ಜಮೀನು ಕೊಳ್ಳುವಂತಿಲ್ಲ.

ನನ್ನ ಹಳೆಯ ಪಾಸ್‌ಪೋರ್ಟನ್ನು ರದ್ದು ಮುದ್ರೆ ಹೊಡೆದು, ಮೂಲೆ ಕತ್ತರಿಸಿ ವಾಪಸ್ ಕೊಟ್ಟರು. ಕತ್ತರಿ ನೇರ ಹೋಗಿರಲಿಲ್ಲ. ಒಳಗಿನ ಹಾಳೆಗಳ ಮೂಲೆ ಒಂದೊಂದು ಒಂದೊಂದು ಅಳತೆ. ಮನೆಗೆ ಬಂದು ಅದನ್ನು ಎಲ್ಲಿ ಇಡಬೇಕು ಅಂತ ಗೊತ್ತಾಗದೆ ತುಂಬಾ ಹೊತ್ತು ಕೈಯಲ್ಲೇ ಹಿಡಿದು ಕೂತಿದ್ದೆ. ಆ ದಿನದಿಂದ 'ನನ್ನ ದೇಶ' ಅಂತ ಕಾನೂನಿನಲ್ಲಿ ಇರುವುದು ಇದೊಂದೇ. ಕಡಲಾಚೆ ಅವರಿಗೆ ಹಾಗೆ ಹೇಳಿದವರಿಗೆ ಇದು ಗೊತ್ತಿರಲಿಕ್ಕಿಲ್ಲ.

ಗೆರೆದಾಟಿದವ:
ಅದಕ್ಕೇ ನಾನು ಇನ್ನೂ ಅರ್ಜಿ ಹಾಕಿಲ್ಲ ಸರ್. ಪರೀಕ್ಷೆ ಕಷ್ಟ ಅಲ್ಲ, 33 ಪ್ರಶ್ನೆಯಲ್ಲಿ 17 ಸರಿ ಆದರೆ ಸಾಕು. ಮನಸ್ಸು ಒಪ್ಪುತ್ತಿಲ್ಲ.

ತಿಳಿಗೊಳ:
ಕಾಗದ ಇದ್ದರೆ ಸಾಕು ಅನ್ನುವವರಿಗೆ ಒಂದು ಉದಾಹರಣೆ. 1942ರಲ್ಲಿ ಅಮೆರಿಕ ಸುಮಾರು 1,20,000 ಜಪಾನ್ ಮೂಲದವರನ್ನು ಶಿಬಿರಗಳಲ್ಲಿ ಕೂಡಿಹಾಕಿತು. ಅವರಲ್ಲಿ ಮೂರರಲ್ಲಿ ಎರಡು ಪಾಲು ಜನ ಅಮೆರಿಕದ ಪೌರರೇ. ಅಲ್ಲೇ ಹುಟ್ಟಿದವರು. ಆ ಶಿಬಿರಗಳಿಂದಲೇ ಹುಡುಗರು ಸೈನ್ಯ ಸೇರಿ ಯುರೋಪಿನಲ್ಲಿ ಹೋರಾಡಿದರು, ತಂದೆ ತಾಯಿ ಮುಳ್ಳುತಂತಿ ಒಳಗೇ ಇದ್ದರು. ಸರ್ಕಾರ ಕಾನೂನು ಮಾಡಿ ತಪ್ಪಾಯಿತು ಅಂದದ್ದು 1988ರಲ್ಲಿ. ನೇರನುಡಿಯವರೇ, ಪ್ರಾಣ ಕೊಟ್ಟರೂ ಸಿಗದ ವಿಶ್ವಾಸವನ್ನು ಗಳಿಸುವುದು ಹೇಗೆ?

ನೇರನುಡಿ:
ಅದು ಯುದ್ಧಕಾಲ. ಆದರೂ ತಪ್ಪೇ, ಒಪ್ಪುತ್ತೇನೆ.

ಸೀಮೆಸುಣ್ಣ:
ನಾನು ಶಿಕ್ಷಕಿ, ನಾನಿರುವುದೂ ಹೊರದೇಶದಲ್ಲೇ. ಇಲ್ಲಿ ಎಲ್ಲರೂ ತಮಗೆ ಆದ ನೋವು ಬರೆಯುತ್ತಿದ್ದೀರಿ. ನಾನು ಕೊಟ್ಟ ನೋವು ಬರೆಯುತ್ತೇನೆ.

ಶಾಲೆಯಲ್ಲಿ ಒಂದು ದಿನ 'ನಿಮ್ಮ ದೇಶದ ಬಾವುಟ ಬರೆದು ತನ್ನಿ' ಅಂತ ಇಟ್ಟಿದ್ದೆವು. ಎಲ್ಲ ಸಂಸ್ಕೃತಿಗೂ ಜಾಗ ಇರಲಿ ಅನ್ನುವ ಒಳ್ಳೆಯ ಉದ್ದೇಶ. ಏಳು ವರ್ಷದ ಒಬ್ಬಳು ಈ ದೇಶದ ಬಾವುಟವನ್ನೇ ಬರೆದು ತಂದಳು. ಬಣ್ಣ ಗೆರೆ ದಾಟದ ಹಾಗೆ ತುಂಬಿದ್ದಳು. ನಾನು ನಗುತ್ತಲೇ "ಇದಲ್ಲ ಪುಟ್ಟಾ, ನಿನ್ನ ನಿಜವಾದ ಬಾವುಟ" ಅಂದೆ. ಅವಳು ಹಾಳೆ ನೋಡಿದಳು, ನನ್ನನ್ನು ನೋಡಿದಳು. ಪೆನ್ಸಿಲ್ ಡಬ್ಬಿ ತೆಗೆದು ಏನು ಬರೆಯಬೇಕು ಅಂತ ಪಕ್ಕದವಳನ್ನು ಕೇಳಿದಳು. ಆಗಲೂ ನನಗೆ ಹೊಳೆಯಲಿಲ್ಲ. ಸಂಜೆ ಗೋಡೆಗೆ ಬಾವುಟ ಅಂಟಿಸುವಾಗ ಹೊಳೆಯಿತು. ಅಲ್ಲಿ ನೂರಕ್ಕೂ ಜಾಸ್ತಿ ಹಾಳೆ ಇದ್ದವು. ಈ ದೇಶದ ಬಾವುಟ ಬರೆದವರು ಯಾರು ಯಾರು ಅಂತ ನೋಡಿದರೆ, ಮೊದಲಿನಿಂದ ಇಲ್ಲೇ ಇದ್ದವರ ಮಕ್ಕಳು ಮಾತ್ರ. ಅವಳಿಗೆ ಅದನ್ನು ಬರೆಯುವ ಹಕ್ಕಿಲ್ಲ ಅಂತ ಹೇಳಿದವಳು ನಾನು. ನಾನೇ ವಲಸೆ ಬಂದವಳು.

ಮರುದಿನ ಅವಳ ಮೊದಲಿನ ಹಾಳೆ ಕೇಳಿದೆ. ಬಿಸಾಡಿದೆ ಅಂದಳು.

ಕಡಲಾಚೆ:
ಸೀಮೆಸುಣ್ಣ ಅವರೇ, ಇದನ್ನು ಬರೆದದ್ದಕ್ಕೆ ಧನ್ಯವಾದ. ನನ್ನ ಮಗಳಿಗೂ ಏಳು ವರ್ಷ.

ದಕ್ಷಿಣದಿಕ್ಕು:
ಆಸ್ಟ್ರೇಲಿಯಾದ ಎರಡು ವಿಷಯ ಹೇಳಬೇಕು. ಇಲ್ಲಿಯ ಸಂವಿಧಾನದ 44ನೇ ಕಲಂ ಪ್ರಕಾರ ಬೇರೆ ದೇಶದ ಪೌರತ್ವವೂ ಇರುವವರು ಸಂಸತ್ತಿಗೆ ಬರುವಂತಿಲ್ಲ. 2017ರಲ್ಲಿ ಒಬ್ಬೊಬ್ಬರದೇ ಹೊರಬಿತ್ತು. ಉಪಪ್ರಧಾನಿ ಬಾರ್ನಬಿ ಜಾಯ್ಸ್ ಹುಟ್ಟಿದ್ದು ಆಸ್ಟ್ರೇಲಿಯಾದಲ್ಲೇ, ಆದರೆ ತಂದೆ ನ್ಯೂಜಿಲೆಂಡ್‌ನಲ್ಲಿ ಹುಟ್ಟಿದವರು, ಹಾಗಾಗಿ ಇವರೂ ಅಲ್ಲಿಯ ಪೌರರೇ. ಹೈಕೋರ್ಟ್ (ಇಲ್ಲಿ ಅದೇ ಅತಿ ದೊಡ್ಡ ಕೋರ್ಟು) ಸ್ಥಾನ ರದ್ದು ಮಾಡಿತು. ಆಮೇಲೆ ಆ ಪೌರತ್ವ ಬಿಟ್ಟು ಉಪಚುನಾವಣೆ ಗೆದ್ದು ಬಂದರು. ಅವರ ನಿಷ್ಠೆ ಬಗ್ಗೆ ಅಲ್ಲಿವರೆಗೆ ಯಾರಿಗೂ ಅನುಮಾನ ಬಂದಿರಲಿಲ್ಲ. ನೋಡಲು ಹೊರಗಿನವರ ಹಾಗೆ ಇರಲಿಲ್ಲ, ಅಷ್ಟೇ. ಅದೇ ದೇಶದಲ್ಲಿ ಹಳೆಯ ಪಾಸ್‌ಪೋರ್ಟ್ ಕತ್ತರಿಸಿ ಕೊಟ್ಟ ನಮ್ಮಂಥವರಿಗೆ "ನಿಜವಾಗಿ ಎಲ್ಲಿಯವರು" ಅನ್ನುವ ಪ್ರಶ್ನೆ.

ಎರಡನೆಯದು. 2020ರ ಫೆಬ್ರುವರಿಯಲ್ಲಿ ಇದೇ ಹೈಕೋರ್ಟ್ 4–3ರಲ್ಲಿ ಇನ್ನೊಂದು ತೀರ್ಪು ಕೊಟ್ಟಿತು. ಹೊರದೇಶದಲ್ಲಿ ಹುಟ್ಟಿದ, ಆಸ್ಟ್ರೇಲಿಯಾದ ಪೌರತ್ವ ಇಲ್ಲದ ಇಬ್ಬರನ್ನು ಸರ್ಕಾರ ಗಡಿಪಾರು ಮಾಡಲು ಹೊರಟಿತ್ತು. ಅವರು ಮೂಲನಿವಾಸಿ ಸಮುದಾಯದವರು. ಸಂವಿಧಾನ ಹೇಳುವ 'ಪರಕೀಯ' ಅನ್ನುವ ಪದ ಮೂಲನಿವಾಸಿಗಳಿಗೆ ಅನ್ವಯಿಸುವುದಿಲ್ಲ ಅಂದಿತು ಕೋರ್ಟು. ಅಂದರೆ ಕಾಗದ ಇಲ್ಲದೆಯೂ ಆ ನೆಲಕ್ಕೆ ಸೇರಿರಬಹುದು. ಇದನ್ನು ಓದಿದ ಮೇಲೆ ನನಗೆ ಒಂದು ಅನ್ನಿಸಿತು. ನಾವು ಹೊಸಬರು "ಇದು ನಮ್ಮದೂ ಹೌದು" ಅನ್ನುವಾಗ, ನಮಗಿಂತ ಸಾವಿರಾರು ವರ್ಷ ಮೊದಲಿನಿಂದ ಇರುವವರ ನೆನಪು ನಮಗೂ ಇರಬೇಕು.

ಅಲೆಮಾರಿ_62:
ಅಲ್ಲಿ ರಾಷ್ಟ್ರಗೀತೆಯ ಸಾಲು ಬದಲಾಯಿಸಿದ್ದೂ ಅದಕ್ಕೇ ಅಲ್ವಾ?

ದಕ್ಷಿಣದಿಕ್ಕು:
ಹೌದು, 2021ರ ಜನವರಿ 1ರಿಂದ. ಮೊದಲು 'ನಾವು ಎಳೆಯರು, ಸ್ವತಂತ್ರರು' ಅನ್ನುವ ಅರ್ಥ ಇತ್ತು. ಈಗ 'ನಾವು ಒಂದು, ಸ್ವತಂತ್ರರು'. ಅಷ್ಟು ಹಳೆಯ ಜನ ಇರುವ ನೆಲವನ್ನು ಎಳೆಯದು ಅನ್ನುವುದು ಹೇಗೆ?

ಬಿಸಿಲುಮಚ್ಚು:
ಗೀತೆ ವಿಷಯ ಬಂತಲ್ಲ, ಸಿಂಗಪುರದಲ್ಲಿ ರಾಷ್ಟ್ರಗೀತೆ ಇಂಗ್ಲಿಷ್‌ನಲ್ಲಿದೆ, ಯಾರಿಗೂ ತಕರಾರಿಲ್ಲ. ಎಲ್ಲ ಕಡೆ ಹಾಗೇ ಮಾಡಿದರೆ ಮುಗಿಯಿತು.

ಗೆರೆದಾಟಿದವ:
ತಪ್ಪು. ಸಿಂಗಪುರದ ಗೀತೆ ಮಲಯ ಭಾಷೆಯಲ್ಲಿದೆ. ಅಲ್ಲಿ ಚೀನೀ ಮೂಲದವರೇ ಜಾಸ್ತಿ, ನಾಲ್ಕರಲ್ಲಿ ಮೂರು ಪಾಲು. ಆದರೂ ರಾಷ್ಟ್ರಭಾಷೆ ಮಲಯ. ಆಡಳಿತ ಭಾಷೆಗಳು ನಾಲ್ಕು: ಮಲಯ, ಮ್ಯಾಂಡರಿನ್, ತಮಿಳು, ಇಂಗ್ಲಿಷ್. ಜಾಸ್ತಿ ಜನ ಇರುವವರು ಕಡಿಮೆ ಜನರ ಭಾಷೆಯಲ್ಲಿ ದೇಶವನ್ನು ಹಾಡುತ್ತಾರೆ. ಅದು ಸಣ್ಣ ವಿಷಯ ಅಲ್ಲ.

ಬಿಸಿಲುಮಚ್ಚು:
ಸರಿ, ತಿದ್ದಿದ್ದಕ್ಕೆ ಧನ್ಯವಾದ. ಆದರೂ ಒಂದು ದೇಶಕ್ಕೆ ಒಂದು ಭಾಷೆ ಬೇಕು ಅನ್ನುವುದು ನನ್ನ ಅಭಿಪ್ರಾಯ. ನಮ್ಮಲ್ಲಿ ಹಿಂದಿ ರಾಷ್ಟ್ರಭಾಷೆ ಇದ್ದ ಹಾಗೆ.

ಕಾಗದಪತ್ರ:
ಇಲ್ಲ ಸ್ವಾಮಿ! ಭಾರತದ ಸಂವಿಧಾನದಲ್ಲಿ ರಾಷ್ಟ್ರಭಾಷೆ ಅನ್ನುವುದೇ ಇಲ್ಲ. 343ನೇ ವಿಧಿ ಹೇಳುವುದು ಕೇಂದ್ರದ ಆಡಳಿತ ಭಾಷೆಯ ಬಗ್ಗೆ. ಎಂಟನೇ ಪರಿಚ್ಛೇದದಲ್ಲಿ 22 ಭಾಷೆಗಳಿವೆ, ಕನ್ನಡವೂ ಒಂದು.

ಅಲೆಮಾರಿ_62:
ಇದನ್ನು ಎಷ್ಟು ಸಲ ಹೇಳಬೇಕೋ.

ನೇರನುಡಿ:
ಈ ವಿಷಯದಲ್ಲಿ ನಾನೂ ಕಾಗದಪತ್ರ ಅವರ ಪರ.

ನಿರ್ವಾಹಕರು:
ಭಾಷೆ ಚರ್ಚೆಗೆ ಬೇರೆ ಎಳೆ ಇದೆ, ಅಲ್ಲಿ ಮುಂದುವರಿಸಿ. ಇಲ್ಲಿ ಕಡಲಾಚೆ ಅವರ ಪ್ರಶ್ನೆಗೆ ಬನ್ನಿ.

ಪದವಿನೋದ:
ಭಾಷೆ ಬೇಡ ಅಂದ ಮೇಲೂ ಒಂದು ಮಾತು, ಇದು ವಿಷಯಕ್ಕೆ ಸಂಬಂಧಪಟ್ಟದ್ದೇ. ತೆಲುಗಿನಲ್ಲಿ 'ಮನಂ' ಅಂದರೆ ಕೇಳುತ್ತಿರುವ ನೀವೂ ಸೇರಿದ ನಾವು. 'ಮೇಮು' ಅಂದರೆ ನಿಮ್ಮನ್ನು ಬಿಟ್ಟು ನಾವು. ತಮಿಳಿನಲ್ಲೂ ಹೀಗೆಯೇ ಎರಡು ಪದ ಇವೆ. ಇವತ್ತಿನ ಕನ್ನಡದಲ್ಲಿ ಎರಡಕ್ಕೂ 'ನಾವು' ಒಂದೇ. ಇಂಗ್ಲಿಷ್‌ನಲ್ಲೂ ಒಂದೇ.

ಕಡಲಾಚೆ ಸಭೆಯಲ್ಲಿ "ನಾವು ನಮ್ಮ ಮಕ್ಕಳನ್ನು" ಅಂದರಲ್ಲ, ಅವರ ಮನಸ್ಸಿನಲ್ಲಿದ್ದದ್ದು ಮನಂ. ಹಿಂದಿನ ಸಾಲಿನವರಿಗೆ ಕೇಳಿಸಿದ್ದು ಮೇಮು. ಇಡೀ ಜಗಳ ಈ ಒಂದು ಪದದೊಳಗೆ ಇದೆ ಅಂತ ನನಗೆ ಅನ್ನಿಸುತ್ತದೆ. ಅವರು "ನೀವು ತಪ್ಪು ಮಾಡುತ್ತಿದ್ದೀರಿ" ಅಂದಿದ್ದರೆ ಆ ಮನುಷ್ಯನಿಗೆ ಅಷ್ಟು ಸಿಟ್ಟು ಬರುತ್ತಿರಲಿಲ್ಲವೇನೋ. ಹೊರಗಿನವರು ಬೈದರು ಅಂತ ಬಿಟ್ಟುಬಿಡುತ್ತಿದ್ದರು. 'ನಾವು' ಅಂದದ್ದೇ ತಡೆಯಲಾಗಲಿಲ್ಲ.

ಹಳೆಕಿಟಕಿ:
ಈ ಎಳೆಯಲ್ಲಿ ನನಗೆ ಅತ್ಯಂತ ಇಷ್ಟವಾದ ಉತ್ತರ ಇದು.

ತಿಳಿಗೊಳ:
ಪದವಿನೋದ ಅವರೇ, ನಿಮ್ಮ ಮಾತಿಗೆ ಒಂದು ಎದುರು ಉದಾಹರಣೆ ಇದೆ. ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದ ಫ್ರೆಡರಿಕ್ ಡಗ್ಲಸ್ 1852ರ ಜುಲೈ 5ರಂದು ಅಮೆರಿಕದ ರೋಚೆಸ್ಟರ್‌ನಲ್ಲಿ ಸ್ವಾತಂತ್ರ್ಯ ದಿನದ ಭಾಷಣ ಮಾಡಿದರು. ಅವರು 'ನಾವು' ಅನ್ನಲಿಲ್ಲ. ಈ ಹಬ್ಬ ನಿಮ್ಮದು, ನನ್ನದಲ್ಲ ಅಂದರು. ಹಾಗಂತ ದೇಶ ಬಿಟ್ಟು ಹೋಗುತ್ತೇನೆ ಅನ್ನಲಿಲ್ಲ. ಅದೇ ಭಾಷಣದಲ್ಲಿ ದೇಶದ ಬಗ್ಗೆ ತನಗೆ ನಿರಾಶೆ ಇಲ್ಲ ಅಂತಲೂ ಹೇಳಿದರು. ಐದು ವರ್ಷದ ನಂತರ ಅಲ್ಲಿಯ ಸುಪ್ರೀಂ ಕೋರ್ಟು ಕಪ್ಪು ಜನ ಪೌರರೇ ಅಲ್ಲ ಅಂದಿತು. 1868ರ ಹದಿನಾಲ್ಕನೇ ತಿದ್ದುಪಡಿ ಅದನ್ನು ಅಳಿಸಿತು. ಪೌರತ್ವದ ಕಾಗದ ಬರುವ ಮೊದಲೇ ಆ ಮನುಷ್ಯ ಆ ದೇಶವನ್ನು ಬೈಯುವ ಹಕ್ಕು ತಗೊಂಡಿದ್ದರು. ಕಾಳಜಿ ಇಲ್ಲದವರು ಅಷ್ಟು ಬೈಯುವುದಿಲ್ಲ.

ಒಂಟಿಮರ:
ನಾನು ಸ್ವಲ್ಪ ಬೇರೆ ಮಾತು ಹೇಳುತ್ತೇನೆ, ಬೈಯಬೇಡಿ. ನಮ್ಮಲ್ಲೂ ತಪ್ಪಿದೆ. ನಾನು ಬಂದ ಮೊದಲ ಎಂಟು ವರ್ಷ ಬಡಾವಣೆಯ ಒಂದು ಸಭೆಗೂ ಹೋಗಿಲ್ಲ. ವಾರಾಂತ್ಯ ಬಂದರೆ ನಮ್ಮವರ ಮನೆ, ನಮ್ಮವರ ಕಾರ್ಯಕ್ರಮ. ಪಕ್ಕದ ಮನೆಯವರ ಹೆಸರೂ ಗೊತ್ತಿರಲಿಲ್ಲ. ಆಮೇಲೆ "ಇವರು ನಮ್ಮನ್ನು ಸೇರಿಸಿಕೊಳ್ಳುವುದಿಲ್ಲ" ಅಂತ ನಾನೇ ದೂರುತ್ತಿದ್ದೆ.

ಇನ್ನೊಂದು ನೋವಿನ ವಿಷಯ. ನಮಗಿಂತ ಆಮೇಲೆ ಬಂದವರ ಬಗ್ಗೆ ನಮ್ಮವರೇ ಏನು ಮಾತಾಡುತ್ತಾರೆ ಕೇಳಿದ್ದೀರಾ? "ಇವರು ಜಾಸ್ತಿ ಆದರು, ಇನ್ನು ಬಾಗಿಲು ಮುಚ್ಚಬೇಕು." ಹತ್ತು ವರ್ಷ ಮೊದಲು ಬಂದದ್ದಕ್ಕೆ ಮನೆ ಯಜಮಾನರಾದೆವು ಅಂದುಕೊಳ್ಳುತ್ತೇವೆ. ಹಿಂದಿನ ಸಾಲಿನಲ್ಲಿ ಕೂತವರು ನಾವೂ ಆಗಬಹುದು.

ನೇರನುಡಿ:
ನಾನು ವಿಶ್ವಾಸ ಅಂದದ್ದು ಇದನ್ನೇ. ಒಂಟಿಮರ ಅವರು ನನಗಿಂತ ಚೆನ್ನಾಗಿ ಹೇಳಿದರು.

ಹಳೆಕಿಟಕಿ:
ಆದರೆ ಒಂದು ವ್ಯತ್ಯಾಸ ಗಮನಿಸಿ. ಕಡಲಾಚೆ ಸಭೆಗೆ ಹೋದವರು. ಮೂರು ದಿನ ರಸ್ತೆ ಪಕ್ಕ ನಿಂತು ಲೆಕ್ಕ ಹಾಕಿದವರು. ಸೇರಿಕೊಂಡದ್ದಕ್ಕೇ ಅವರಿಗೆ ಆ ಮಾತು ಸಿಕ್ಕಿತು. ಮನೆಯಲ್ಲೇ ಇದ್ದಿದ್ದರೆ ಯಾರೂ ಏನೂ ಅನ್ನುತ್ತಿರಲಿಲ್ಲ.

ಗಿರಿದಾರಿ:
ಸ್ವಿಟ್ಜರ್ಲೆಂಡ್‌ನಿಂದ. ನಾಲ್ಕು ಭಾಷೆಯ ದೇಶ, ಅದಕ್ಕೆ ಗಾಡಿಗಳ ಮೇಲೆ 'ಸಿಎಚ್' ಅಂತ ಲ್ಯಾಟಿನ್ ಹೆಸರಿನ ಅಕ್ಷರ, ಯಾರ ಭಾಷೆಗೂ ಹೆಚ್ಚುಗಾರಿಕೆ ಬೇಡ ಅಂತ. ಒಳಗಿನವರ ನಡುವೆ ಅಷ್ಟು ನಾಜೂಕು. ಆದರೆ ಹೊರಗಿನವರ ವಿಷಯ ನೋಡಿ. ಇಲ್ಲಿ ಪೌರತ್ವಕ್ಕೆ ನೀವಿರುವ ಊರೂ ಒಪ್ಪಬೇಕು. 2000ದಲ್ಲಿ ಎಮ್ಮೆನ್ ಅನ್ನುವ ಊರಿನಲ್ಲಿ ಅರ್ಜಿದಾರರ ಮೇಲೆ ಜನರಿಂದ ಮತ ಹಾಕಿಸಿದರು. ಇಟಲಿ ಮೂಲದವರು ಪಾಸಾದರು, ಹಳೆಯ ಯುಗೊಸ್ಲಾವಿಯಾ ಕಡೆಯವರು ಬಿದ್ದರು. 2003ರಲ್ಲಿ ದೇಶದ ಸರ್ವೋಚ್ಚ ನ್ಯಾಯಾಲಯ ಹೀಗೆ ಮತಪೆಟ್ಟಿಗೆಯಲ್ಲಿ ಪೌರತ್ವ ತೀರ್ಮಾನಿಸುವುದು ಸಂವಿಧಾನಕ್ಕೆ ವಿರುದ್ಧ ಅಂದಿತು. ಬೇಡ ಅನ್ನುವುದಾದರೆ ಕಾರಣ ಕೊಡಬೇಕು, ಗುಟ್ಟಾಗಿ ಹಾಕಿದ ಮತಕ್ಕೆ ಕಾರಣ ಇರುವುದಿಲ್ಲ.

ನೇರನುಡಿಯವರೇ, ಪಕ್ಕದ ಮನೆಯವರ ವಿಶ್ವಾಸ ದೊಡ್ಡದು ನಿಜ. ಆದರೆ ನನ್ನ ಹಕ್ಕು ಅವರ ಮನಸ್ಸಿಗೆ ಬಂದ ಹಾಗೆ ಇರಬಾರದು. ವಿಶ್ವಾಸ ನಿಧಾನ ಬರಲಿ. ಮಾತಾಡುವ ಹಕ್ಕು ಮೊದಲ ದಿನವೇ ಇರಬೇಕು.

ನೇರನುಡಿ:
ಇದಕ್ಕೆ ನನ್ನ ಬಳಿ ಉತ್ತರ ಇಲ್ಲ. ಯೋಚನೆ ಮಾಡುತ್ತೇನೆ.

ಬಿಸಿಲುಮಚ್ಚು:
ಕಡಲಾಚೆ ಅವರೇ, ಸಿಗ್ನಲ್ ಏನಾಯಿತು? ಅದನ್ನು ಯಾರೂ ಕೇಳಲೇ ಇಲ್ಲ.

ಕಡಲಾಚೆ:
ನಿನ್ನೆ ಮತ್ತೆ ಸಭೆ ಇತ್ತು. ಹೋಗಬಾರದು ಅಂತಲೇ ಇದ್ದೆ. ಮೊನ್ನೆ ರಾತ್ರಿ ಹಳೆಕಿಟಕಿ ಮೇಡಂ ಬರೆದದ್ದು ಇನ್ನೊಮ್ಮೆ ಓದಿ ಹೋದೆ.

ಈ ಸಲ ಊರುಗೋಲಿನ ಅಜ್ಜಿಯನ್ನು ಕೇಳಿದ್ದೆ, ಅವರೂ ಬಂದರು. ಅವರು ಹುಟ್ಟಿದ್ದೇ ಈ ಬೀದಿಯಲ್ಲಂತೆ. ಅವರು ದಾಟಲು ಎಷ್ಟು ಹೊತ್ತು ಬೇಕು ಅಂತ ಇಬ್ಬರೂ ಸೇರಿ ಬೆಳಿಗ್ಗೆಯೇ ಲೆಕ್ಕ ಮಾಡಿದ್ದೆವು. 19 ಸೆಕೆಂಡ್. ಸಭೆಯಲ್ಲಿ ನಾನೇ ಎದ್ದು ಹೇಳಿದೆ. ಮತ್ತೆ 'ನಾವು' ಅಂತಲೇ ಹೇಳಿದೆ, ಬೇಕಂತಲೇ. ಹಿಂದಿನ ಸಾಲಿನವರು ಇದ್ದರು. ಈ ಸಲ ಏನೂ ಅನ್ನಲಿಲ್ಲ. ಮನಸ್ಸು ಬದಲಾಯಿತಾ, ಅಜ್ಜಿ ಪಕ್ಕದಲ್ಲಿದ್ದರು ಅಂತ ಸುಮ್ಮನಿದ್ದರಾ, ನನಗೆ ಗೊತ್ತಿಲ್ಲ. ಎರಡನೆಯದೇ ಇರಬಹುದು. ಹಾಗಿದ್ದರೆ ನನಗೆ ಈಗಲೂ ಬೇಜಾರೇ, ನನ್ನ ಮಾತಿಗೆ ಇನ್ನೊಬ್ಬರ ಜಾಮೀನು ಯಾಕೆ ಬೇಕು?

ಮನವಿಗೆ 31 ಸಹಿ ಆಗಿದೆ. ಬರುವ ವಾರ ಕಚೇರಿಗೆ ಕೊಡುತ್ತೇವೆ. ಹೆಸರಿನ ಮುಂದೆ ಏನು ಬರೆಯಬೇಕು ಅಂತ ಕೇಳಿದ್ದಕ್ಕೆ ಅಜ್ಜಿ "ಮನೆ ನಂಬರ್ ಬರಿ, ಇನ್ನೇನು" ಅಂದರು.

ಸೀಮೆಸುಣ್ಣ:
ಮಗಳನ್ನೂ ಕರೆದುಕೊಂಡು ಹೋಗಿ, ಆಗುತ್ತಾ? ಮನವಿ ಕೊಡುವಾಗ ಅವಳು ಅಲ್ಲಿರಲಿ.

ಕಡಲಾಚೆ:
ಖಂಡಿತ. ಬುಧವಾರ ಶಾಲೆ ಬೇಗ ಬಿಡುತ್ತದೆ, ಅವತ್ತೇ ಹೋಗುತ್ತೇವೆ.